ಶಾಲೆಯ ಮುಂದಿನ ಉಣ್ಣೆಯ ಗೋಡೆ

ಗೋಡೆಯೊಳಗಿನ ಉಣ್ಣೆಯನ್ನು ಸತ್ತೆಪ್ಪನೇ ಕದಿಯುತ್ತಿದ್ದಾನೆ ಎಂದು ನನಗೆ ಮೊದಲ ಸಲ ಅನ್ನಿಸಿದ್ದು ಒಂದು ಬುಧವಾರ, ಮುಂಜಾನೆ ಹನ್ನೊಂದಕ್ಕೆ, ಕೈಯೊಳಗಿನ ಮೀಟರು ಅರವತ್ತೆಂಟು ತೋರಿಸಿದಾಗ.

ಗೋಡೆಯೊಳಗೆ ಉಣ್ಣೆ ಯಾಕೆ ಬಂತು ಅನ್ನುವುದನ್ನು ಮೊದಲು ಹೇಳಿಬಿಡುತ್ತೇನೆ. ಪುಣೆ-ಬೆಂಗಳೂರು ಹೆದ್ದಾರಿಯಲ್ಲಿ, ನಿಡಸೋಸಿಗೆ ದಾರಿ ಒಡೆಯುವುದಕ್ಕಿಂತ ಸ್ವಲ್ಪ ಈಚೆ ನಮ್ಮೂರ ಫಾಟಾ. ಫಾಟಾ ಎಂದರೆ ಒಂದು ಚಹಾದ ಹೋಟೆಲು, ಒಂದು ಪಂಕ್ಚರ್ ಅಂಗಡಿ, ಬಸ್ಸು ನಿಲ್ಲುವ ಬೇವಿನ ಮರ, ಮತ್ತೆ ಶಾಲೆ. ರಸ್ತೆ ಮೊದಲು ಸಣ್ಣದಿತ್ತು, ದೂರವೂ ಇತ್ತು. ನಾಲ್ಕು ಪಟ್ಟಿಯ ರಸ್ತೆ ಆದಮೇಲೆ ಅದು ಶಾಲೆಯ ಪಡಸಾಲೆಗೇ ಬಂದು ನಿಂತಿತು. ಹಗಲೆಲ್ಲ ಲಾರಿ, ಹಂಗಾಮಿನಲ್ಲಿ ಕಬ್ಬಿನ ಟ್ರ್ಯಾಕ್ಟರು, ಆ ಟ್ರ್ಯಾಕ್ಟರುಗಳ ಮೇಲೆ ನಾಲ್ಕು ಹೊಲದಾಚೆ ಕೇಳುವ ಟೇಪು. ಎರಡನೇ ಇಯತ್ತೆಗೆ ಪಾಠ ಹೇಳುವ ಭಕ್ತಿ ಅಕ್ಕೋರ ಗಂಟಲು ಆರು ತಿಂಗಳಲ್ಲಿ ಕೂತುಹೋಗಿತ್ತು.

"ಶ್ರೀಪಾಲಣ್ಣಾ, ಹುಡುಗ್ರಿಗೆ ನಾ 'ಆನಿ' ಅಂತ ಹೇಳಿಕೊಟ್ರ ತಿರುಗಿ ಹಾರ್ನ್ ಹೊಡೀತಾವು. ಅವು ಕೇಳಿದ್ದ ಅಷ್ಟ," ಅಂತಿದ್ದರು.

ಊರವರೆಲ್ಲ ಸೇರಿ ಅರ್ಜಿ ಕೊಟ್ಟು, ಅಡ್ಡಾಡಿ, ಕಡೆಗೆ ಬೆಳಗಾವಿಯಿಂದ ಒಬ್ಬ ಎಂಜಿನಿಯರ್ ಸಾಹೇಬರು ಬಂದರು. ಶಾಲೆಯ ಮುಂದೆ ಎರಡಾಳೆತ್ತರದ ಗೋಡೆ ಎಬ್ಬಿಸೋಣ ಅಂದರು. ಇಟ್ಟಿಗೆಯದ್ದಲ್ಲ. ತಗಡಿನ ದೊಡ್ಡ ದೊಡ್ಡ ಡಬ್ಬಿಗಳನ್ನು ಕಬ್ಬಿಣದ ಕಂಬಗಳ ನಡುವೆ ಒಂದರ ಮೇಲೊಂದು ಕೂಡಿಸಿದ ಗೋಡೆ. ಶಾಲೆಯ ಕಡೆಯ ತಗಡು ಗಟ್ಟಿ, ರಸ್ತೆಯ ಕಡೆಯ ತಗಡಿಗೆ ಜರಡಿಯಂಥ ತೂತು. ಸದ್ದು ತೂತಿನಿಂದ ಒಳಗೆ ಹೋಗಬೇಕು, ಒಳಗೆ ತುಂಬಿದ ನಾರಿನಲ್ಲಿ ದಾರಿ ತಪ್ಪಿ ಅಲ್ಲಿಯೇ ಸಾಯಬೇಕು. ನಾರು ಕಾರ್ಖಾನೆಯದ್ದು ಬರಬೇಕಿತ್ತು, ಬರಲು ವರ್ಷವಾಗುತ್ತಿತ್ತು. ಆಗ ನಾನೇ ಬಾಯಿ ಹಾಕಿದೆ.

"ಸಾಹೇಬ್ರ, ನಮ್ಮ ಕಡೆ ಕುರಿ ಉಣ್ಣಿ ಬಿದ್ದ ಕೊಳಿಯಾಕತ್ತೈತ್ರಿ. ಕಂಬಳಿ ನೇಯವರೂ ಕಡಿಮಿ ಆದ್ರು. ಅದನ್ನ ತುಂಬಿ ನೋಡೂಣಲ್ಲ?"

ಸಾಹೇಬರು ನಕ್ಕರು. ಆಮೇಲೆ ಒಂದು ಡಬ್ಬಿಗೆ ತುಂಬಿ ನೋಡಿದರು, ನಗು ನಿಲ್ಲಿಸಿದರು. ಎರಡು ವರ್ಷ ಪರೀಕ್ಷೆಗೆ ಇರಲಿ ಎಂದು ಬರೆದುಕೊಟ್ಟರು. ಗೋಕಾಕದಲ್ಲಿ ತಗಡು ಬಾಗಿಸಿ ಡಬ್ಬಿ ಮಾಡಿಸಿ ತಂದೆವು. ಉಣ್ಣೆ ಕೊಟ್ಟವನು ನಮ್ಮೂರ ಕುರುಬರ ಸತ್ತೆಪ್ಪ. ತೊಳೆದು, ಒಣಗಿಸಿ, ಹಿಂಜಿ, ಕೈಯಾರೆ ತುಂಬಿದವಳು ಅವನ ಹೆಂಡತಿ ಕೆಂಪವ್ವ. ಗೋಡೆ ಕಾಯುವ ಕೆಲಸ ನನಗೆ ಬಂತು. ತೂತುಗಳ ಧೂಳು ತೊಳೆಯೋದು, ಬೋಲ್ಟು ಬಿಗಿ ಮಾಡೋದು, ತಿಂಗಳಿಗೊಮ್ಮೆ ಶಾಲೆಯ ಪಡಸಾಲೆಯಲ್ಲಿ ನಿಂತು ಮೀಟರು ಹಿಡಿದು ಸದ್ದು ಅಳೆದು ಬರೆಯೋದು. ಗೋಡೆಗಿಂತ ಮೊದಲು ಎಪ್ಪತ್ತಾರು ಡೆಸಿಬೆಲ್ ಇತ್ತು, ಗೋಡೆಯಾದ ಮೇಲೆ ಅರವತ್ತೊಂದಕ್ಕೆ ಇಳಿಯಿತು. ಅರವತ್ತೈದು ದಾಟಬಾರದು ಎಂದು ಸಾಹೇಬರು ಗೆರೆ ಎಳೆದುಕೊಟ್ಟಿದ್ದರು. ಅಕ್ಕೋರ ಗಂಟಲು ತಿರುಗಿ ಬಂತು. ಹುಡುಗರು ಆನಿ ಅನ್ನತೊಡಗಿದರು.

ಒಂದು ವರ್ಷ ಎಲ್ಲ ಚಲೋ ನಡೆಯಿತು. ಆಮೇಲೆ ಅರವತ್ಮೂರು, ಅರವತ್ತೈದು, ಅರವತ್ತಾರು. ಆ ಬುಧವಾರ ಅರವತ್ತೆಂಟು. ಎರಡು ವರ್ಷದ ಪರೀಕ್ಷೆ ಮುಗಿಯಲು ಆರು ತಿಂಗಳಿತ್ತು. ಗೋಡೆಯ ಮೂಡಣ ತುದಿಗೆ ಹೋಗಿ ತಗಡಿಗೆ ಕೈಯಿಂದ ಬಡಿದೆ. ಖಾಲಿ ಕೊಡದ ಸದ್ದು. ಲಾರಿ ಹೋದಾಗ ಆ ತುದಿಯ ತಗಡೇ ನಡುಗಿ ಹೋಳಿಯ ಹಲಗೆ ಬಾರಿಸಿದ ಹಾಗೆ ಸದ್ದು ಮಾಡುತ್ತಿತ್ತು. ಮೂಡಣ ತುದಿಯಿಂದ ಕೂಗಳತೆಯಲ್ಲಿ ಸತ್ತೆಪ್ಪನ ಕುರಿಹಟ್ಟಿ.

ಸಂಶಯ ಒಮ್ಮೆ ಹೊಕ್ಕಿತೆಂದರೆ ಅದಕ್ಕೆ ಊಟಕ್ಕೆ ಹಾಕುವವರು ಬೇಕಿಲ್ಲ, ತಾನೇ ಹುಡುಕಿಕೊಳ್ಳುತ್ತದೆ. ಮರುದಿನ ಸತ್ತೆಪ್ಪ ಎದುರಾದ, ನಮಸ್ಕಾರ ಮಾಡಿದ. ಇವ ಯಾವತ್ತೂ ಇಷ್ಟು ಬಗ್ಗುತ್ತಿರಲಿಲ್ಲವಲ್ಲ ಅನ್ನಿಸಿತು. ಅದರ ಮರುದಿನ ನೋಡದೆ ಹೋದ. ಮುಖ ತಪ್ಪಿಸಾಕತ್ಯಾನ ಅಂದುಕೊಂಡೆ. ಅವನ ಹೆಗಲ ಮೇಲೆ ಗಿಡದ ಟೊಂಗೆ ಎಳೆಯುವ ಕೊಕ್ಕೆ ಇತ್ತು. ಡಬ್ಬಿಗಳ ಬುಡದಲ್ಲಿ ಮಳೆನೀರು ಹೋಗಲು ಎರಡು ಬೆರಳಗಲದ ಸಂದು ಇರುತ್ತದೆ. ಕೊಕ್ಕೆ ನೋಡಿದೆ, ಸಂದು ನೆನಪಾಯಿತು. ಎರಡನ್ನೂ ಮನಸ್ಸಿನಲ್ಲೇ ಜೋಡಿಸಿಬಿಟ್ಟೆ.

ಭಾನುವಾರ ಸುಮ್ಮನೆ ನೆಪ ಮಾಡಿಕೊಂಡು ಮೂಡಲಗಿ ಸಂತೆಗೆ ಹೋದೆ. ಉಣ್ಣೆ ಕೊಳ್ಳುವವನ ಹತ್ತಿರ ಅದೂ ಇದೂ ಮಾತಾಡುತ್ತ ನಮ್ಮೂರ ಹೆಸರು ಎತ್ತಿದೆ.

"ಸತ್ತೆಪ್ಪ ಏನ್ರಿ? ಹೋದ ಸಂತಿಗಿ ಎರಡ ಚೀಲ ತಂದಿದ್ದ."

"ಎಂಥಾ ಉಣ್ಣಿ?"

"ಕರೀದು. ಕುರಿ ಉಣ್ಣಿ ಮತ್ತ್ಯಾವ ಬಣ್ಣದ್ದ ಇರತೈತ್ರಿ ಈ ಕಡೆ? ಹಸರಾ?"

ನಮ್ಮ ಗೋಡೆಯೊಳಗಿನದ್ದೂ ಕರೀದೇ. ನಮ್ಮ ಸೀಮೆಯ ಕುರಿಗಳೆಲ್ಲ ಕರಿಯವು, ಎಲ್ಲ ಕುರುಬರೂ ವರ್ಷಕ್ಕೆರಡು ಸಲ ಉಣ್ಣೆ ಕತ್ತರಿಸಿ ಮಾರುತ್ತಾರೆ. ಇದು ನನಗೆ ಗೊತ್ತಿರಲಿಲ್ಲವೆಂದಲ್ಲ. ಬಸ್ಸಿನಲ್ಲಿ ವಾಪಸು ಬರುವಾಗ ಅದನ್ನು ಮರೆತೆ, ಎರಡು ಚೀಲ ಮಾತ್ರ ನೆನಪಿಟ್ಟುಕೊಂಡೆ.

ಸೋಮವಾರ ಮಧ್ಯಾಹ್ನ ಸತ್ತೆಪ್ಪನನ್ನು ಗೋಡೆಯ ಹತ್ತಿರವೇ ಹಿಡಿದೆ. ಕೋಲಿನ ತುದಿಯಿಂದ ಡಬ್ಬಿಗೆ ಮೆಲ್ಲಗೆ ಬಡಿಯುತ್ತ, ಕಿವಿ ತಗಡಿಗೆ ಹಚ್ಚಿ ನಿಂತಿದ್ದ.

"ಏನ ಮಾಡಾಕತ್ತಿ ಸತ್ತೆಪ್ಪಾ?"

"ಕೇಳಾಕತ್ತೇನ್ರಿ ಅಣ್ಣಾರ."

"ಏನ, ಹಾಡಾ?"

"ಗ್ವಾಡಿ ಪೊಳ್ಳ ಆಗೇತ್ರಿ. ಮರಿ ಹೊಟ್ಟಿ ಉಬ್ಬಿದ್ರ ನಾವು ಹಿಂಗ ಬಡದ ನೋಡ್ತೇವಿ. ತಿಂದ ಉಬ್ಬಿದ್ದ ಬ್ಯಾರೆ, ಗಾಳಿ ತುಂಬಿ ಉಬ್ಬಿದ್ದ ಬ್ಯಾರೆ. ಈ ತುದಿಯಿಂದ ಹದಿನೈದ ಡಬ್ಬಿ ಬರೇ ಗಾಳಿ."

"ಹದಿನೈದ ಅಂತ ಹೆಂಗ ಗೊತ್ತು ನಿನಗ?"

"ಬಡದ ಬಡದ ಎಣಿಸೇನಲ್ರಿ."

"ಯಾರ ಹೇಳಿದ್ರು ನಿನಗ ಎಣಸಾಕ?"

ಅವ ನನ್ನ ಮುಖ ನೋಡಿದ. "ತಪ್ಪಾತ್ರಿ," ಅಂದು ಕುರಿಗಳ ಕಡೆ ಹೊರಟುಹೋದ. ನನಗೆ ಅಷ್ಟೇ ಸಾಕಾಯಿತು. ತೆಗೆದವನಿಗಲ್ಲದೆ ಎಷ್ಟು ಡಬ್ಬಿ ಖಾಲಿ ಎಂಬುದು ಯಾರಿಗೆ ಗೊತ್ತಿರುತ್ತದೆ? ಮತ್ತೆ 'ತಪ್ಪಾತ್ರಿ' ಎಂದು ಬೇರೆ ಒಪ್ಪಿಕೊಂಡನಲ್ಲ.

ಇಲ್ಲಿಯ ತನಕ ಸಂಶಯ ನನ್ನ ಹೊಟ್ಟೆಯೊಳಗಿತ್ತು. ಅದೇ ಸಂಜೆ ಹೋಟೆಲಿನಲ್ಲಿ ಮಾಲಿಂಗಪ್ಪ ಕಾಕಾ ಸಿಕ್ಕರು. ಊರಲ್ಲಿ ಅವರ ಮಾತಿಗೆ ತೂಕ. ಯಾರ ಹೊಲದಲ್ಲಿ ಯಾವಾಗ ಕುರಿ ತರುಬಬೇಕು, ಅಂದರೆ ರಾತ್ರಿ ಕೂಡಿಹಾಕಬೇಕು ಅನ್ನುವುದೂ ಅವರ ಬಾಯಿಂದಲೇ ಹೊರಡಬೇಕು. ಜೋಳದ ರಾಶಿ ಆದಮೇಲೆ ಖಾಲಿ ಹೊಲದಲ್ಲಿ ಕುರಿಹಿಂಡು ವಾರಗಟ್ಟಲೆ ತರುಬಿದರೆ ಹೊಲಕ್ಕೆ ಗೊಬ್ಬರವಾಗುತ್ತದೆ, ಕುರುಬನಿಗೆ ಜೋಳ ಸಿಗುತ್ತದೆ. ಮಳೆ ಬೀಳುವ ತನಕ ಸತ್ತೆಪ್ಪನ ಬದುಕು ಅದರ ಮೇಲೆಯೇ.

"ಕಾಕಾ, ಸತ್ತೆಪ್ಪ ಹೆಂಗ ಮನಷ್ಯಾ?"

"ಯಾಕೋ ತಮ್ಮಾ?"

"ಏನಿಲ್ಲ, ಸುಮ್ನ."

"ನೀ ಸುಮ್ನ ಕೇಳಾವಲ್ಲ. ಹೇಳ."

"ಗ್ವಾಡ್ಯಾಗಿನ ಉಣ್ಣಿ ಕಡಿಮಿ ಆಗಾಕತ್ತೈತಿ. ಅವ ಮೂಡಲಗಿಗಿ ಎರಡ ಚೀಲ ಹಾಕಿ ಬಂದಾನಂತ. ನಾ ಏನೂ ಅನ್ನಾಕತ್ತಿಲ್ಲ ಮತ್ತ."

ಕಾಕಾ ಬಶಿಯೊಳಗಿನ ಚಹಾ ಕುಡಿದು ಮುಗಿಸಿದರು. ಬಶಿ ಕೆಳಗಿಟ್ಟರು. "ನೀ ಏನೂ ಅಂದಿಲ್ಲ ಬಿಡ," ಅಂದರು.

ಮೂರು ದಿನ ಕಳೆಯಿತು. ನಾನು ಗೋಡೆ ತೊಳೆಯುತ್ತಿದ್ದೆ, ಕೆಂಪವ್ವ ಬಂದು ಹಿಂದೆ ನಿಂತಳು. ಸೆರಗು ಸೊಂಟಕ್ಕೆ ಸಿಕ್ಕಿಸಿದ್ದಳು.

"ಅಣ್ಣಾರ, ಒಂದ ಮಾತ ಕೇಳಲ್ಯಾ?"

"ಕೇಳವ್ವಾ."

"ಮೊನ್ನಿ ಯಲ್ಲಾರಿ ತನ್ನ ಹೊಲದಾಗ ಕುರಿ ತರಬಬ್ಯಾಡ ಅಂದ. ನಿನ್ನಿ ಸಾತಪ್ಪ ಅಂದ. ಇವತ್ತ ಲಕ್ಕವ್ವ ಸುದ್ದಾ ಅಂದ್ಲು. ಮೂರೂ ಮಂದಿ ಒಂದ ಮಾತ ಆಡಾಕತ್ತಾರ, ಒಂದ ಸಾಲ್ಯಾಗ ಕಲತವ್ರಂಗ. ಯಾವ ಮಾಸ್ತರ ಕಲಿಸಿದ್ರಿ?"

"ನನಗೇನ ಗೊತ್ತವ್ವಾ."

ಸುಳ್ಳು. ಪೈಪಿನ ನೀರು ನನ್ನ ಕಾಲ ಮೇಲೆಯೇ ಬೀಳುತ್ತಿತ್ತು.

"ಬಿಡ್ರಿ. ಈ ಡಬ್ಬಿಗಿ ಮೂರ ಮೂಲಿ ತಲಿ ಬೋಲ್ಟ ಹಾಕೀರಲ್ಲ, ಅದನ್ನ ಬಿಚ್ಚೂ ಪಾನಾ ಯಾರ ಕಡೆ ಐತಿ?"

"ನನ್ನ ಕಡೆ."

"ಮತ್ತ್ಯಾರ ಕಡೆ?"

"ಮತ್ತ್ಯಾರ ಕಡೆನೂ ಇಲ್ಲ."

"ಹಂಗಾರ ಉಣ್ಣಿ ಎಲ್ಲಿ ಹೋತಂತ ನಾ ಯಾರನ್ನ ಕೇಳಬೇಕ್ರಿ?"

ಇಷ್ಟು ದಿನ ನಾನೊಬ್ಬನೇ ಸಂಶಯ ಪಡುವವನು ಎಂದುಕೊಂಡಿದ್ದೆ. ಅವರ ಹಟ್ಟಿಯಲ್ಲಿ ನನ್ನ ಮೇಲೂ ಅಷ್ಟೇ ಸಂಶಯ ಬೆಳೆದಿರಬಹುದು ಅನ್ನುವುದು ಹೊಳೆದಿರಲಿಲ್ಲ. ಬುಡದ ಸಂದು ತೋರಿಸಿದೆ. "ಇಲ್ಲಿಂದ ಕೊಕ್ಕಿ ಹಾಕಿ ಎಳದ್ರ ಬರತೈತಿ."

"ಯಾರ ಕೊಕ್ಕಿ?" ಅಂದಳು. ಅವಳು ನಕ್ಕಳು, ಆ ನಗುವಿನಲ್ಲಿ ಖುಷಿ ಇರಲಿಲ್ಲ. "ಅಣ್ಣಾರ, ನಾ ಇದನ್ನ ಕಾಲಿಲೆ ತುಳದ ತುಳದ ಬಿಗದೇನಿ. ಈ ಸಂದ್ಯಾಗಿಂದ ಎಳದ ಎಳದ ಒಂದ ಚೀಲ ತುಂಬೂದ್ರಾಗ ನನ್ನ ಮೊಮ್ಮಕ್ಕಳ ಮುದುಕರಾಗ್ತಾರ. ಬಿಚ್ಚರಿ. ನಾಳಿ ಮುಂಜಾನಿ, ಮಾಲಿಂಗಪ್ಪ ಕಾಕಾನ ಮುಂದ. ಉಣ್ಣಿ ಇಲ್ಲಂದ್ರ ನಾವು ಊರ ಬಿಡ್ತೇವಿ. ಇತ್ತಂದ್ರ ನೀವ ಹೇಳ್ರಿ ಏನ ಮಾಡ್ತೀರಂತ."

ಬೆಳಗಾವಿಗೆ ಫೋನು ಮಾಡಿದೆ. ಬಿಚ್ಚಿ ನೋಡು, ಏನಿದೆಯೋ ಹಾಗೇ ಬರೆದು ಕಳಿಸು ಅಂದರು ಸಾಹೇಬರು.

ಮರುದಿನ ಮುಂಜಾನೆ ಮೂಡಣ ತುದಿಯಲ್ಲಿ ಸೇರಿದೆವು. ಮಾಲಿಂಗಪ್ಪ ಕಾಕಾ ಶಾಲೆಯ ಖುರ್ಚಿಯಲ್ಲಿ, ಭಕ್ತಿ ಅಕ್ಕೋರು ಪಡಸಾಲೆಯ ಮೆಟ್ಟಿಲ ಮೇಲೆ, ಕೆಂಪವ್ವ ನನ್ನ ಮಗ್ಗುಲಿಗೇ. ಸತ್ತೆಪ್ಪ ದೂರ ನಿಂತಿದ್ದ, ಕರೆದರೂ ಹತ್ತಿರ ಬರಲಿಲ್ಲ. ಒಂದು ಡಬ್ಬಿಯ ನಾಲ್ಕು ಬೋಲ್ಟು ಬಿಚ್ಚಿ ಶಾಲೆಯ ಕಡೆಯ ತಗಡು ಕೆಳಗಿಳಿಸಿದೆ.

ಮೊದಲು ಹೊರಗೆ ಬಂದದ್ದು ಒಂದು ಪಾತರಗಿತ್ತಿ. ಜೋಳದ ಹೊಟ್ಟಿನಷ್ಟು ಸಣ್ಣದು, ಬಂಗಾರದ ಬಣ್ಣದ್ದು. ಬಿಸಿಲು ತಾಗಿದ್ದೇ ಗಾಬರಿಯಾಗಿ ನನ್ನ ಅಂಗಿಯ ಮೇಲೆ ಕೂತಿತು. ಅದರ ಹಿಂದೆ ಹತ್ತು, ಅದರ ಹಿಂದೆ ಲೆಕ್ಕವಿಲ್ಲ. ಡಬ್ಬಿಯ ಅರ್ಧಕ್ಕೂ ಕೆಳಗೆ ಉಣ್ಣೆ ಕುಸಿದು ಕೂತಿತ್ತು. ಉಣ್ಣೆ ಎನ್ನುವ ಹಾಗೂ ಇರಲಿಲ್ಲ, ಮುಟ್ಟಿದರೆ ಹಿಟ್ಟಾಗುತ್ತಿತ್ತು. ಅದರ ತುಂಬ ಅಕ್ಕಿಕಾಳಿನಂಥ ಗೂಡು, ಗೂಡಿನೊಳಗೆ ಹುಳ.

ಆಗ ಸತ್ತೆಪ್ಪ ಹತ್ತಿರ ಬಂದ. ಒಂದು ಹಿಡಿ ಎತ್ತಿ ಅಂಗೈಯಲ್ಲಿ ತಿಕ್ಕಿದ. "ನುಸಿ," ಅಂದ. ಅಷ್ಟೇ.

"ಔಷಧದ ನೀರಾಗ ಅದ್ದಿದ್ದಿಲ್ಲಲ್ರಿ," ಅಂದಳು ಕೆಂಪವ್ವ, ಮೆಲ್ಲಗೆ. "ನಾ ಕೇಳಿದ್ನಿ. ಡ್ರಮ್ಮ ಹಂಗ ಐತಿ, ಅದ್ದೂದ ಬ್ಯಾಡೇನ್ರಿ ಅಂತ. ಆವತ್ತ ನಿಮ್ಮದು ಉಪವಾಸ, ಮಾತ ಆಡತಿದ್ದಿಲ್ಲ ನೀವು. ಬ್ಯಾಡ ಅಂತ ಕೈ ಮಾಡಿದ್ರಿ."

ಕೈ ಮಾಡಿದ್ದೆ. ಈಗ ಎಲ್ಲ ಕಣ್ಣ ಮುಂದೆ ಬಂತು. ಉಣ್ಣೆ ತುಂಬಿದ್ದು ಭಾದ್ರಪದದಲ್ಲಿ, ನಮ್ಮ ಜೈನರ ದಶಲಕ್ಷಣ ಪರ್ವದ ಹತ್ತು ದಿನಗಳಲ್ಲಿ. ಹುಳ ಬೀಳದಂತೆ ಉಣ್ಣೆಯನ್ನು ವಿಷದ ನೀರಿನಲ್ಲಿ ಅದ್ದಿ ಒಣಗಿಸಬೇಕೆಂದು ಸಾಹೇಬರು ಬರೆದುಕೊಟ್ಟಿದ್ದರು. ಅದರ ಹಿಂದಿನ ವರ್ಷ ಬಸದಿಯಲ್ಲಿ ಮುನಿಗಳ ಮುಂದೆ ನಾನು ವ್ರತ ತೆಗೆದುಕೊಂಡಿದ್ದೆ, ಬೇಕೆಂದು ಒಂದು ಜೀವವನ್ನೂ ಕೊಲ್ಲುವುದಿಲ್ಲ ಎಂದು. ಪರ್ವದ ದಿನ ನನ್ನ ಕೈಯಿಂದ ಡ್ರಮ್ಮಿನ ಮುಚ್ಚಳ ತೆಗೆಯಲು ಆಗಲಿಲ್ಲ. ಬಿಸಿಲಿಗೆ ಒಣಗಿದರೆ ಸಾಕು ಅಂದುಕೊಂಡೆ, ಸಾಹೇಬರಿಗೆ ಹೇಳಲಿಲ್ಲ, ಆಮೇಲೆ ನಾನೂ ಮರೆತೆ. ಮರೆಯುವುದು ಅನುಕೂಲವಾಗಿತ್ತು. ಹುಳಕ್ಕೆ ತೋರಿಸಿದ ಕರುಣೆಯಲ್ಲಿ ಒಂದು ಪಾಲನ್ನಾದರೂ ನಾನು ಸತ್ತೆಪ್ಪನಿಗೆ ತೋರಿಸಿರಲಿಲ್ಲ.

ಮಾಲಿಂಗಪ್ಪ ಕಾಕಾ ನನ್ನನ್ನು ಬದಿಗೆ ಕರೆದರು. "ತಮ್ಮಾ, ಉಣ್ಣಿ ಸರಿ ತೊಳದಿದ್ದಿಲ್ಲ, ಅದಕ್ಕ ಹುಳಾ ಬಿತ್ತು ಅಂತ ಬರಿ. ಕಳುವಿನ ಮಾತು ಹೋತು, ನಿನ್ನ ಕೆಲಸಾನೂ ಉಳೀತು. ಅವರಿಗೇನ, ಓದಾಕ ಬರತೈತಾ?"

ಆ ಮಾತು ನನಗೆ ಹಿಡಿಸಿತು ಎಂದು ಹೇಳಿದರೆ ಯಾರೂ ಮೆಚ್ಚುವುದಿಲ್ಲ, ಆದರೆ ಹಿಡಿಸಿತ್ತು. ತೊಳೆದವಳು ಕೆಂಪವ್ವ. ಚೆನ್ನಾಗಿ ತೊಳೆದಿದ್ದಳೋ ಇಲ್ಲವೋ ಯಾರು ನೋಡಿದ್ದಾರೆ? ತಿರುಗಿ ನೋಡಿದೆ. ಗಂಡ ಹೆಂಡತಿ ಇಬ್ಬರೂ ನಮ್ಮ ತುಟಿಗಳನ್ನೇ ನೋಡುತ್ತಿದ್ದರು, ಏನು ಮಸಲತ್ತು ನಡೆದಿದೆ ಎಂದು. ಹತ್ತು ದಿನ ನಾನು ಸತ್ತೆಪ್ಪನನ್ನು ನೋಡಿದ್ದು ಇದೇ ಕಣ್ಣುಗಳಿಂದ.

"ಕಾಕಾ, ಜೋರಲೆ ಮಾತಾಡೂಣು," ಅಂದೆ. "ಉಣ್ಣಿ ಸತ್ತೆಪ್ಪ ಒಯ್ದಿಲ್ಲ. ತೊಳದದ್ದೂ ಸರಿ ಇತ್ತು. ಔಷಧ ಹಾಕಬ್ಯಾಡ ಅಂದವ ನಾ. ತಪ್ಪ ನಂದು." ಅಕ್ಕೋರಿಂದ ಕಾಗದ ಇಸಿದುಕೊಂಡು ಅಲ್ಲಿಯೇ ಬರೆದು, ಎಲ್ಲರಿಗೂ ಕೇಳುವಂತೆ ಅವರಿಂದಲೇ ಓದಿಸಿದೆ. ಹುಕ್ಕೇರಿಯಿಂದ ಅಂಚೆಗೆ ಹಾಕಿದೆ. ಹದಿನೈದು ದಿನಕ್ಕೆ ಪಾನಾ ಮತ್ತು ಮೀಟರು ಬೇರೆಯವರ ಕೈಗೆ ಹೋದವು, ಡಬ್ಬಿಗಳಿಗೆ ಕಾರ್ಖಾನೆಯ ನಾರು ಬಂತು. ಅದು ಆಮೇಲಿನ ಮಾತು.

ಹುಳಬಿದ್ದ ಉಣ್ಣೆಯನ್ನು ಏನು ಮಾಡಬೇಕೆಂದು ನನಗೆ ತಿಳಿಯಲಿಲ್ಲ. ಸತ್ತೆಪ್ಪನೇ ಬುಟ್ಟಿಗೆ ತುಂಬಿಕೊಂಡ. "ದಿನ್ನಿ ಮ್ಯಾಲ ಬಿಸಲಿಗಿ ಹರವತೇನ್ರಿ. ಹಕ್ಕಿ ಬರ್ತಾವು, ಹುಳಾ ಅವು ನೋಡಕೋತಾವು. ನೀವ ಈ ಕಡೆ ಮಾರಿ ಮಾಡಿ ನಿಂದರ್ರಿ."

ಅಲ್ಲಿಗೆ ಮುಗಿಯಿತು ಎಂದುಕೊಂಡು ನಾನು ಯಲ್ಲಾರಿಯ ಮನೆಗೆ ಹೋದೆ. ನಡೆದದ್ದೆಲ್ಲ ಹೇಳಿದೆ. ಅವ ಎಲೆಗೆ ಸುಣ್ಣ ಹಚ್ಚುತ್ತ ಪೂರಾ ಕೇಳಿದ, ಮೆಲ್ಲಗೆ ನಕ್ಕ.

"ಅಣ್ಣಾರ, ನಿಮ್ಮ ಮಂದಿ ನೀರ ಸೋಸಿ ಕುಡಿಯವ್ರು. ಇರಬಿ ಕಂಡ್ರ ದಾಟಿ ಹೋಗವ್ರು. ಕುರುಬನ ಹೊಟ್ಟಿ ಮ್ಯಾಲ ಹೊಡೀಬಾರ್ದಂತ ಅವನ ತಪ್ಪ ನಿಮ್ಮ ಮ್ಯಾಲ ಹಾಕ್ಕೋಳಾಕತ್ತೀರಿ. ನಮಗ ತಿಳಿಯೂದಿಲ್ಲೇನ್ರಿ?"

"ಇಲ್ಲೋ ಯಲ್ಲಾರಿ, ಖರೇನ ನನ್ನ ತಪ್ಪು."

"ಹೂಂ. ದೊಡ್ಡ ಮನಸ್ಸ ನಿಮ್ಮದು."

ಸಾತಪ್ಪನೂ ಹೆಚ್ಚುಕಡಿಮೆ ಇದನ್ನೇ ಅಂದ. ಲಕ್ಕವ್ವ ನನಗೆ ಕೈ ಮುಗಿದಳು, ಅದು ಇನ್ನೂ ಕೆಟ್ಟದ್ದಾಗಿತ್ತು. ನಾನು ಹೇಳಿದ ಅರ್ಧ ಮಾತನ್ನು ಊರು ಮೂರು ದಿನದಲ್ಲಿ ನಂಬಿತ್ತು. ಈಗ ಪೂರಾ ಮಾತು ಹೇಳಿದರೆ ನನ್ನ ಒಳ್ಳೆಯತನ ಅಂತಿದ್ದರು.

ಸೀದಾ ಹಟ್ಟಿಗೆ ಹೋದೆ. ಕೆಂಪವ್ವ ಊರು ಬಿಡಲು ಸಾಮಾನು ಕಟ್ಟುತ್ತಿದ್ದಳು.

"ನಮ್ಮ ಹೊಲದಾಗ ತರಬ್ರಿ," ಅಂದೆ. "ನಾಲ್ಕ ಎಕರೆ ಖಾಲಿ ಐತಿ. ಕದ್ದಾವ ಅಂತ ಅಂದಾವನ ಹೊಲದಾಗ ಕುರಿ ಕುಂತ್ರ ಮಂದಿ ಏನಂತಾರ ನೋಡೂಣು."

ಸತ್ತೆಪ್ಪ ಹೆಂಡತಿಯ ಮುಖ ನೋಡಿದ. ಅವಳು ಕಟ್ಟುತ್ತಿದ್ದ ಹಗ್ಗ ಬಿಡಲಿಲ್ಲ.

"ಜ್ವಾಳಾ?"

"ಎಲ್ಲಾರೂ ಕೊಟ್ಟಂಗ. ಹೆಚ್ಚಿಲ್ಲ, ಕಡಿಮಿ ಇಲ್ಲ."

"ಹೆಚ್ಚ ಕೊಟ್ರ ಬಾಯಿ ಮುಚ್ಚಸಾಕ ಕೊಟ್ರು ಅಂತಾರ," ಅಂದಳು. "ಇನ್ನೊಂದ ಮಾತ. ನಾವು ಬದುವಿನ ದಾರೀಲೆ ಬರೂದಿಲ್ಲ. ಹೋಟೆಲಿನ ಮುಂದ ಬರ್ತೇವಿ, ಎಲ್ಲಾರೂ ಕುಂತ ಹೊತ್ತಿನ್ಯಾಗ. ಹಿಂಡಿನ ಮುಂದ ನೀವು ನಡೀಬೇಕು."

ಸಂಜೆ ಐದಕ್ಕೆ ಹೊರಟೆವು. ಹೆದ್ದಾರಿಯ ಬಾಜೂ ರಸ್ತೆ ತುಂಬಿ ನೂರಾ ಎಂಬತ್ತು ಕುರಿ, ನಡುವೆ ಸತ್ತೆಪ್ಪ, ಕಟ್ಟಕಡೆಗೆ ಕೆಂಪವ್ವ. ಎಲ್ಲಕ್ಕೂ ಮುಂದೆ, ಇಸ್ತ್ರಿ ಅಂಗಿ ಹಾಕಿಕೊಂಡು, ಕೈ ಎಲ್ಲಿಡಬೇಕೆಂದು ತಿಳಿಯದ ನಾನು. ಹೋಟೆಲಿನ ಬಾಕಿನ ಮೇಲೆ ಕೂತವರ ಮಾತು ನಿಂತಿತು. ಯಾರೋ ಬಶಿ ಅರ್ಧಕ್ಕೆ ಹಿಡಿದಿದ್ದರು. ಬೇಗ ದಾಟಿಬಿಡೋಣವೆಂದು ನನ್ನ ಕಾಲುಗಳು ತಾವೇ ಓಡತೊಡಗಿದವು.

"ಸಾವಕಾಶ ನಡೀರಿ ಅಣ್ಣಾರ," ಹಿಂದಿನಿಂದ ಕೆಂಪವ್ವನ ದನಿ, ಅಷ್ಟು ಕುರಿಗಳ ಮೇಲಿಂದ. "ಅವರ ಚಹಾ ಮುಗೀಲಿ."

ನಾನು ನಡಿಗೆ ನಿಧಾನ ಮಾಡಿದೆ. ಯಲ್ಲಾರಿ ಎದ್ದು ನಿಂತು ನನ್ನನ್ನೊಮ್ಮೆ, ಸತ್ತೆಪ್ಪನನ್ನೊಮ್ಮೆ ನೋಡಿದ. ಇನ್ನೂ ನಂಬಿರಲಿಲ್ಲ, ಆದರೆ ಈ ಸಲ ನಗಲೂ ಇಲ್ಲ.